ಸಂಚಿಯೊಳಗಿನ ಗುಲಗಂಜಿ

ಇನ್ನೊಂದು ಗಂಟು ಬಿಚ್ಚಿ, ಒಳಗಿದ್ದ ಸೀರೆಯನ್ನು ಜಾಡಿಸಿ ಗೋಪಾಲಮ್ಮ ಹಗ್ಗದ ಮೇಲೆ ಹರವಿದಳು. ಹಳೆಯ ಬೇವಿನೆಲೆ ಪುಡಿಪುಡಿಯಾಗಿ ಕಾಲ ಮೇಲೆ ಉದುರಿತು. ಮಳೆ ಹಿಡಿಯುವ ಮುಂಚೆ ಜೈಲಿನ ಹೆಂಗಸರ ವಿಭಾಗದ ಉಗ್ರಾಣದಲ್ಲಿರುವ ಗಂಟುಗಳಿಗೆಲ್ಲ ಬಿಸಿಲು ಕಾಣಿಸುವುದು ಗೋಪಾಲಮ್ಮನಂಥ ವಾರ್ಡರುಗಳ ಕೆಲಸ. ಶಿಕ್ಷೆಯಾದ ಹೆಂಗಸು ಬಿಚ್ಚಿಟ್ಟ ಸ್ವಂತ ಬಟ್ಟೆ, ಬಿಡುಗಡೆಯ ದಿನ ಮತ್ತೆ ಅವಳ ಮೈಗೆ ಏರುವವರೆಗೆ ಅಲ್ಲೇ ಇರುತ್ತದೆ.

"ಅಮ್ಮಾವ್ರೇ, ನನ್ ಸೀರೆನ ಸ್ವಲ್ಪ ಜಾಸ್ತಿ ಹೊತ್ತು ಹೊರಗಿಡಿ," ಎಂದಳು ಫರೀದಾ. ಕಳ್ಳಭಟ್ಟಿ ಮಾರಿ ಒಳಗೆ ಬಂದವಳು, ಗಂಟು ಹೊರುವ ಕೆಲಸಕ್ಕೆ ಅವಳೇ ಮುಂದು. "ಪಾಪ, ಅದೇನೂ ಮಾರಿರ್ಲಿಲ್ಲ."

"ಬಾಯಿ ಮುಚ್ಕೊಂಡು ಬೇವಿನಸೊಪ್ಪು ತಗೊಂಬಾ."

ಮುಂದಿನದು ಮಾರಕ್ಕನ ಗಂಟು. ಜಾಲಹಳ್ಳಿ ಪಕ್ಕದ ಸಿಂಗಾಪುರದವಳು. ಹೊಲದ ಬದುವಿನ ಮೇಲೆ ಮೈದುನನನ್ನು ಕುಡುಗೋಲಿನಿಂದ ಹೊಡೆದು ಕೊಂದವಳು. ಹತ್ತು ವರ್ಷವಾಗಿತ್ತು, ಬರುವ ತಿಂಗಳು ಬಿಡುಗಡೆ. ಸೀರೆಯ ಜೊತೆಗೆ ಎಲೆಅಡಿಕೆಯ ಸಂಚಿಯೂ ಇತ್ತು. ಪ್ರತಿ ವರ್ಷ ಗೋಪಾಲಮ್ಮ ಅದನ್ನು ಬಿಚ್ಚದೆಯೇ ಒದರಿ ಇಡುತ್ತಿದ್ದಳು. ಈ ಸಲ ಒದರಿದಾಗ ಹೊಲಿಗೆಯ ಸಂದಿನಿಂದ ಬಿಳಿ ಹಿಟ್ಟು ಸುರಿಯಿತು. ಹುಳ ಬಿದ್ದಿದೆ, ಬೇರೆಯವರ ಬಟ್ಟೆಗೂ ಹತ್ತೀತು ಎಂದು ದಾರ ಎಳೆದು ಬಿಚ್ಚಿದಳು.

ಒಣಗಿ ಕಪ್ಪಾದ ಎಲೆಯ ಚೂರು, ಸುಣ್ಣದ ಡಬ್ಬಿ, ಈಗ ಯಾವ ಅಂಗಡಿಯವನೂ ಮುಟ್ಟದ ಹಳೆಯ ಅರ್ಧಾಣೆ. ತೀರ ಒಳಗಿನ ಅರೆಯಲ್ಲಿ ಒಂದು ಹಿಡಿ ಕಾಳು. ಅಂಗೈಗೆ ಸುರಿದುಕೊಂಡಳು. ಅವರೆ, ಜೋಳ, ಸಾಸಿವೆ. ಅವರೆಕಾಳೆಲ್ಲ ತೂತು ಬಿದ್ದು ಹಗುರವಾಗಿತ್ತು. ಅವುಗಳ ನಡುವೆ ಒಂದೇ ಒಂದು ಗುಲಗಂಜಿ, ನಿನ್ನೆ ಬಳ್ಳಿಯಿಂದ ಕಿತ್ತಂತೆ ಕೆಂಪಗೆ.

ಗೋಪಾಲಮ್ಮನೂ ಗೊರಗುಂಟೆಪಾಳ್ಯದ ಹೊಲಗಳಲ್ಲಿ ನಡೆದವಳೇ. ಕಾಳುಗಳು ಏನೆಂದು ತಕ್ಷಣ ತಿಳಿಯಿತು. ರಾಗಿ ಬಿತ್ತುವಾಗ ನಡುನಡುವೆ ಹಾಕುವ ಅಕ್ಕಡಿ ಸಾಲಿನ ಬೀಜ ಅದು. ಗಂಡಸರು ಕೂರಿಗೆ ಹೊಡೆದರೆ, ಹಿಂದೆ ಹೆಂಗಸರು ಬಿಡುತ್ತಾ ಹೋಗುತ್ತಾರೆ. ಆದರೆ ಗುಲಗಂಜಿಯನ್ನು ಯಾರು ಬಿತ್ತುತ್ತಾರೆ?

ಮಾರಕ್ಕ ಪಡಸಾಲೆಯ ನೆರಳಲ್ಲಿ ಮೊರ ಹಿಡಿದು ರಾಗಿ ಕೇರುತ್ತಿದ್ದಳು. ಗೋಪಾಲಮ್ಮ ಹೋಗಿ ಅಂಗೈ ಚಾಚಿದಳು.

"ಏನಿದು ಮಾರಕ್ಕ?"

ಮಾರಕ್ಕನ ಮೊರ ನಿಂತಿತು. "ಅಕ್ಕಡಿ ಬೀಜ," ಎಂದಳು. "ಇನ್ನೂ ಐತಾ ಅದು?"

"ಯಾವತ್ತಿಂದು?"

"ಅವತ್ತಿಂದೇ. ಬಿತ್ತಕ್ಕೆ ಅಂತ ಒಲಕ್ಕೆ ಓದೆ. ಮಡ್ಲಲ್ಲಿದ್ದಿದ್ದು ಅಲ್ಲೇ ಚೆಲ್ಲೋಯ್ತು. ಸಾಲ್ದಿದ್ರೆ ಇರ್ಲಿ ಅಂತ ಇದನ್ನ ಸಂಚೀಲಿ ಆಕ್ಕೊಂಡಿದ್ದೆ."

"ಮತ್ತೆ ಕುಡ್ಲು ಯಾಕೆ?"

"ಬದೀನ ಉಲ್ಲು ಕುಯ್ಯಕ್ಕೆ. ಬಿತ್ತನೆ ಮುಗಿಸ್ಕೊಂಡು ಬತ್ತಾ ಅಸೂಗೆ ಒಂದೊರೆ ತರ್ಬೇಡ್ವಾ."

"ಕೋರ್ಟಲ್ಲಿ ಇದನ್ನ ಹೇಳಿದ್ಯಾ?"

"ಕುಡ್ಲು ನಿಂದೇನಾ ಅಂದ್ರು, ಊ ಅಂದೆ. ಬೀಜದ ಇಸ್ಯ ಯಾರೂ ಕೇಳ್ಲಿಲ್ಲ." ಮಾರಕ್ಕ ಮತ್ತೆ ಮೊರ ಎತ್ತಿದಳು. "ಅವ್ನು ಕೂರ್ಗೆಗೆ ಅಡ್ಡ ಬಂದು ನಿಂತ. ಬಾಯಿಗ್ ಬಂದಂಗೆ ಬೈದ. ಒಡೆದಿದ್ದು ನಾನೇ. ಬೀಜ ಇತ್ತು ಅಂದ್ರೆ ಸತ್ತೋನು ಎದ್ದು ಬತ್ತಾನಾ?"

"ಮತ್ತೆ ಈ ಗುಲಗಂಜಿ?"

ಈ ಮಾತಿಗೆ ಮಾರಕ್ಕ ಒಂದಿಷ್ಟು ನಕ್ಕಳು. ಇಷ್ಟು ವರ್ಷದಲ್ಲಿ ಅವಳ ಮೇಲಿನ ಹಲ್ಲಿನ ಸಾಲನ್ನು ಗೋಪಾಲಮ್ಮ ನೋಡಿದ್ದು ಅದೇ ಮೊದಲು.

"ನನ್ ಮಗ್ಳು ಆಕಿದ್ದು. ಬೆಳಿಗ್ಗೆ ಕುಂತ್ಕೊಂಡು ಉಳ ಬಿದ್ದ ಕಾಳೆಲ್ಲ ಅವ್ಳೇ ಆರಿಸಿ ತೆಗೆದ್ಲು. ಅದಕ್ಕೆ ಕೂಲಿ ಬೇಕಲ್ಲ, ಇದೂ ಬಿತ್ತವ್ವ, ಸಾಲೆಲ್ಲ ಕೆಂಪಗಾಯ್ತದೆ ಅಂತ ಇದನ್ನ ಸೇರಿಸಿಬಿಟ್ಲು. ಆಯ್ತು ಬುಡು ಅಂದೆ." ಮೊರವನ್ನು ಒಮ್ಮೆ ತಟ್ಟಿ, "ಅದ್ನ ಅಲ್ಲೇ ಇಟ್ಬುಡಿ ಅಮ್ಮಾವ್ರೇ," ಎಂದಳು.

ಗೋಪಾಲಮ್ಮನಿಗೆ ಮಗಳ ವಿಷಯ ಗೊತ್ತಿತ್ತು. ಹೋದ ಸಂಕ್ರಾಂತಿಯ ಹೊತ್ತಿಗೆ ಮಾರಕ್ಕನ ಸೋದರಮಾವ ಬೈರಣ್ಣ ನೋಡಲು ಬಂದಿದ್ದ. ಸಂದರ್ಶನದ ಜಾಲರಿಯ ಪಕ್ಕ ಕಾವಲು ನಿಂತಿದ್ದವಳು ಗೋಪಾಲಮ್ಮನೇ.

"ನಿನ್ ಮಗ್ಳು ಪಿಳ್ಳಮ್ಮ ಬರಾಕಿಲ್ಲ ಅಂತಾಳೆ ಕಣವ್ವ," ಎಂದಿದ್ದ ಮುದುಕ. "ನೀನು ಬೆಳಿಗ್ಗೆನೇ ಕುಡ್ಲು ಮಸ್ಕೊಂಡು ಕೊಲ್ಲಕ್ಕೇ ಅಂತ ಓದೆ ಅಂತ ಊರೋರೆಲ್ಲ ಅವ್ಳ ತಲೇಗೆ ತುಂಬವ್ರೆ. ಸಿಟ್ನಲ್ಲಿ ಒಡೆದಿದ್ರೆ ನಮ್ಮವ್ವ ಅಂತ ಕರ್ಕೊಂಡ್ ಬತ್ತಿದ್ದೆ, ಲೆಕ್ಕ ಆಕಿ ಕೊಂದೋಳ್ನ ನನ್ ಕೂಸಿನ ಮುಂದೆ ಎಂಗೆ ಇಟ್ಕೊಳ್ಳಲಿ ಅಂತಾಳೆ. ನಾನೇ ಕರ್ಕೊಂಡೋಗಾನ ಅಂದ್ರೆ, ನನ್ನೇ ನನ್ ಸೊಸೆ ಜಗಲಿ ಮ್ಯಾಲೆ ಮಲಗಿಸವ್ಳೆ."

ಮಾರಕ್ಕ ಆಗಲೂ ಬೀಜದ ಮಾತು ಎತ್ತಿರಲಿಲ್ಲ. ಮೊನ್ನೆ ಜೈಲರ್ ಸಾಹೇಬರು ಬಿಡುಗಡೆಯಾದ ಮೇಲೆ ಎಲ್ಲಿಗೆ ಹೋಗ್ತೀಯ ಎಂದು ಕೇಳಿದಾಗ, "ಗೇಟಿಂದಾಚೆ ಬಿಟ್ಬುಡಿ ಸ್ವಾಮಿ, ರಸ್ತೆ ಐತಲ್ಲ," ಎಂದಿದ್ದಳು.

ಗೋಪಾಲಮ್ಮ ಕಾಳುಗಳನ್ನು ಇದ್ದಂತೆಯೇ ಒಳ ಅರೆಗೆ ಹಾಕಿ, ಗುಲಗಂಜಿಯನ್ನು ಕೊನೆಗೆ ಹಾಕಿ ದಾರ ಎಳೆದಳು. ಹುಳ ಹತ್ತೀತು ಎಂದು ಬಿಚ್ಚಿದ್ದು ನೆನಪಾಗಿ, ಸಂಚಿಯ ಸುತ್ತ ಬೇವಿನಸೊಪ್ಪು ಹೆಚ್ಚಾಗಿಯೇ ಸುತ್ತಿದಳು.

"ಏನಮ್ಮಾವ್ರೇ, ಅದಕ್ಕೇನು ಬಾಣಂತನ ಮಾಡ್ತಿದೀರಾ?" ಎಂದಳು ಫರೀದಾ.

ಸಂಜೆ ಬಸ್ಸಿನಲ್ಲಿ ಯಶವಂತಪುರ ದಾಟುವವರೆಗೂ ಅದೇ ಯೋಚನೆ. ತನ್ನ ಮುಂದೆ ದಿನವೂ ತಿರುಗಾಡುವ ಹೆಂಗಸಿನ ಒಂದು ಬೆಳಿಗ್ಗೆ ಹೀಗಿತ್ತೆ? ಮಗು ಕಾಳು ಆರಿಸುವುದು, ತಾಯಿ ಕುಡುಗೋಲು ಮಸೆಯುವುದು, ಎರಡೂ ಒಂದೇ ಜಗಲಿಯ ಮೇಲೆ ನಡೆದಿರಬೇಕು. ನೋಡಿದವರು ಕುಡುಗೋಲನ್ನು ಮಾತ್ರ ನೆನಪಿಟ್ಟುಕೊಂಡರು, ಬಿತ್ತಲು ಹೊರಟದ್ದನ್ನಲ್ಲ. ಆಗ ಎಂಟು ವರ್ಷದವಳಾಗಿದ್ದ ಪಿಳ್ಳಮ್ಮ ಏನನ್ನು ನೆನಪಿಟ್ಟುಕೊಂಡಿದ್ದಾಳು? ಊರಿನ ಮಾತು ಕೇಳಿ ಕೇಳಿ, ತನ್ನ ಕೈಯಾರೆ ಹಾಕಿದ ಕೆಂಪು ಕಾಳು ಅವಳಿಗೂ ಮರೆತುಹೋಗಿದ್ದರೆ?

ಕೈದಿಗಳ ಮನೆಯವರ ಜೊತೆ ವಾರ್ಡರುಗಳು ಯಾವ ವ್ಯವಹಾರವನ್ನೂ ಇಟ್ಟುಕೊಳ್ಳುವ ಹಾಗಿಲ್ಲ. ಹಿಂದೆ ಒಬ್ಬಳು ಕೈದಿಯೊಬ್ಬಳ ಗಂಡನಿಗೆ ಬಾಯಿಮಾತಿನ ಸುದ್ದಿ ಮುಟ್ಟಿಸಿ ಕೆಲಸ ಕಳೆದುಕೊಂಡಿದ್ದಳು. ಗೋಪಾಲಮ್ಮನ ಮನೆಯಲ್ಲಿ ಗಂಡನಿಲ್ಲ. ಇರುವುದು ಅತ್ತೆ ಮತ್ತು ಈ ಕೆಲಸ.

ಮನೆಗೆ ಬಂದು ಮುಖ ತೊಳೆದು ಒಲೆಯ ಮೇಲೆ ಎಸರಿಟ್ಟಳು. ಹಿಟ್ಟು ಸುರಿದು, ಕೋಲು ಹಿಡಿದು ತಿರುವಲು ಕೂತಳು. ಅತ್ತೆ ದೊಡ್ಡಮುನಿಯಮ್ಮ ಬಾಗಿಲ ಬಳಿ ಕೂತು ಸೊಪ್ಪು ಬಿಡಿಸುತ್ತಿದ್ದರು.

"ನಾಳೆ ರಜಾ ಅಲ್ವೇನಮ್ಮಿ? ರಾಗಿ ಮಿಲ್ಲಿಗೆ ಓಗ್ಬೇಕು."

"ನಾಳಿದ್ದು ಸಂಜೆ ಬಂದ್ಮೇಲೆ ಹೋಗ್ತೀನತ್ತೆ. ನಾಳೆ ಸ್ವಲ್ಪ ಹೊರಗೆ ಕೆಲಸ ಇದೆ."

"ಎಲ್ಲಿಗೆ?"

"ಇಲ್ಲೇ."

ಜಾಲಹಳ್ಳಿಯವರೆಗೆ ಬಸ್ಸಿದೆ. ಅಲ್ಲಿಂದ ಹೊಲದ ದಾರಿಯಲ್ಲಿ ನಡೆದರೆ ಸಿಂಗಾಪುರ, ಪಿಳ್ಳಮ್ಮನ ಮನೆ. ಸರ್ಕಾರಿ ಸೀರೆ ಬೇಡ, ಮದುವೆಮನೆಗೆ ಉಡುವ ಹಸಿರು ಸೀರೆಯೂ ಬೇಡ, ಮನೆಯಲ್ಲಿ ಉಡುವುದೇ ಸಾಕು. ತಾನು ಯಾರೆಂದು ಹೇಳುವುದಿಲ್ಲ. ನಿಮ್ಮ ತಾಯಿ ಒಳ್ಳೆಯವಳು ಎಂದು ಹೇಳುವುದಿಲ್ಲ, ಅದು ತನಗೂ ಗೊತ್ತಿಲ್ಲ. ನೀರು ಕೇಳಬೇಕು. ಚೊಂಬು ವಾಪಸು ಕೊಡುವಾಗ ಒಂದೇ ಒಂದು ಪ್ರಶ್ನೆ ಕೇಳಬೇಕು: ಅವತ್ತು ಬೆಳಿಗ್ಗೆ ನಿಮ್ಮವ್ವನ ಬೀಜದಲ್ಲಿ ನೀನು ಏನು ಸೇರಿಸಿದ್ದೆ? ಉತ್ತರ ಬಂದರೂ ಬರದಿದ್ದರೂ ಎದ್ದು ಬಂದುಬಿಡಬೇಕು.

"ಏನಮ್ಮಿ, ಕೈ ನಿಂತೋಯ್ತು?" ಎಂದರು ಅತ್ತೆ.

"ಏನಿಲ್ಲತ್ತೆ," ಎಂದಳು ಗೋಪಾಲಮ್ಮ. "ಹಿಟ್ಟು ಗಂಟಾಗ್ತಿತ್ತು." ಕೋಲನ್ನು ಎರಡೂ ಕೈಯಲ್ಲಿ ಹಿಡಿದು ತಳ ಮುಟ್ಟುವಂತೆ ತಿರುವತೊಡಗಿದಳು.