ಆರಿದ ಸೂಪು

ಬರ್ಲಿನ್ ಗೋಡೆ ಬಿದ್ದ ಮರುವರ್ಷ ನಮ್ಮ ಸಿನಿಮಾ ಎದ್ದಿತು. ಅರವತ್ತೈದರಲ್ಲಿ ಪೂರ್ವ ಜರ್ಮನಿ ಸರಕಾರದ ಮೇಲಿನವರು ನೋಡಿ, ಮುಖ ಹುಳ್ಳಗೆ ಮಾಡಿ, ಡಬ್ಬಕ್ಕೆ ಹಾಕಿಸಿದ್ದ ಸಿನಿಮಾ. ಇಷ್ಟು ವರ್ಷ ಡಬ್ಬದಲ್ಲಿದ್ದದ್ದು ಈಗ ಡಬ್ಬಿಂಗಿಗೆ ಬಂತು. ರೀಲುಗಳೆಲ್ಲ ಸರಿಯಿದ್ದವು, ಅಡುಗೆಮನೆ ದೃಶ್ಯದ ಧ್ವನಿ ಮಾತ್ರ ಎಲ್ಲೋ ಕಳೆದುಹೋಗಿತ್ತು.

ನಾಯಕಿ ರೋಸ್ವಿತಾಗೆ ಆಗ ಇಪ್ಪತ್ತಾರು, ಈಗ ಐವತ್ತೊಂದು. ನಡುವೆ ಅವಳಿಗೆ ಸಿಕ್ಕಿದ್ದು ಮಕ್ಕಳ ಚಿತ್ರಗಳ ಮಾಟಗಾತಿ, ಮಲತಾಯಿ, ಮತ್ತೆ ಮಾಟಗಾತಿ. ತಾನು ನಾಯಕಿಯಾದ ಒಂದೇ ಒಂದು ಚಿತ್ರಕ್ಕೆ ತನ್ನ ದನಿಯೇ ಇರಬೇಕೆಂದು ಹಟ ಹಿಡಿದಳು. ನಿರ್ದೇಶಕ ಹೆನ್ನರ್ ಒಂದು ಮಧ್ಯಾಹ್ನ ಕೊಟ್ಟ. ಆಗದಿದ್ದರೆ ನಾಳೆ ನಾಟಕಶಾಲೆಯ ಹುಡುಗಿ ಬರುತ್ತಾಳೆ.

ನಾನು ಎಕಾರ್ಟ್, ತುಟಿಗೂ ಮಾತಿಗೂ ಮದುವೆ ಮಾಡಿಸುವ ಸ್ಟುಡಿಯೋ ಪಾದ್ರಿ. ಪರದೆಯ ಮೇಲೆ ಅದೇ ತುಣುಕನ್ನು ಸುತ್ತಿ ಸುತ್ತಿ ಬಿಟ್ಟೆ. ಎಳೆಯ ರೋಸ್ವಿತಾ ಮೇಜಿಗೆ ತಟ್ಟೆ ಇಟ್ಟು, ಗೋಡೆಗೆ ಮೊಳೆ ಹೊಡೆಯುತ್ತಿರುವ ಗಂಡನತ್ತ ನೋಡಿ, "ಸೂಪ್ ಆರ್ತಾ ಇದೆ" ಅನ್ನುತ್ತಾಳೆ. ಮೈಕಿನ ಮುಂದಿನ ರೋಸ್ವಿತಾ ಅದನ್ನು ಹದಿನೇಳು ಸಲ ಅಂದಳು. ತುಟಿ ಕೂಡಿತು, ವಯಸ್ಸು ಕೂಡಲಿಲ್ಲ.

"ಲೇ ಎಕಾರ್ಟ್, ನಿಜ ಹೇಳು. ಹೇಗಿದೆ?"

"ಸೂಪಿಗೆ ಮಂತ್ರ ಹಾಕ್ತಿರೋ ಹಾಗಿದೆ ಕಣೇ."

ಅವಳು ನಗಲಿಲ್ಲ. ಕಿವಿಯ ಮೇಲಿದ್ದ ಹೆಡ್‌ಫೋನ್ ತೆಗೆದಿಟ್ಟಳು. "ಆ ಹುಡುಗಿಗೇ ಕೊಟ್ಬಿಡಿ. ನನ್ನ ಹಳೇ ಮುಖ ಅವಳಿಗೇ ಒಪ್ಪುತ್ತೆ."

ಗಂಡನ ಪಾತ್ರ ಮಾಡಿದ್ದ ಡೀಟ್‌ಮಾರ್ ತೀರಿಕೊಂಡು ಮೂರು ವರ್ಷವಾಗಿತ್ತು. ಅವನ ಮೂಗಿನ ದನಿಯನ್ನು ಅವನೆದುರೇ ಅಣಕಿಸಿ ಬೈಸಿಕೊಂಡವನು ನಾನು. ಧ್ವನಿಮುದ್ರಣ ಯಂತ್ರ ಓಡಲು ಬಿಟ್ಟು, ಅವಳ ಪಕ್ಕ ಬಂದು, ಗೋಡೆಗೆ ಮುಖ ಮಾಡಿ ನಿಂತು, ಮುಷ್ಟಿಯಿಂದ ಮೊಳೆ ಹೊಡೆಯತೊಡಗಿದೆ.

"ಬಂದೆ ಕಣೇ, ಇದೊಂದು ಮೊಳೆ," ಅಂದೆ, ಡೀಟ್‌ಮಾರನ ಮೂಗಿನಲ್ಲಿ.

ರೋಸ್ವಿತಾ ಪರದೆ ಮರೆತು ನನ್ನ ಬೆನ್ನನ್ನು ನೋಡಿರಬೇಕು. ಆಮೇಲೆ ಮೆಲ್ಲಗೆ, "ಸೂಪ್ ಆರ್ತಾ ಇದೆ."

ದನಿ ಎಳೆಯದಾಗಿರಲಿಲ್ಲ. ಅದರಲ್ಲಿ ಸಿಗರೇಟಿತ್ತು, ಮಾಟಗಾತಿಯರಿದ್ದರು. ಆದರೆ ತಟ್ಟೆ ಇಟ್ಟು ಕಾಯುವವಳು ಅವಳೇ.

ಹಿಂದಿನ ಕುರ್ಚಿಯಲ್ಲಿದ್ದ ಹೆನ್ನರ್ ಕನ್ನಡಕ ಒರೆಸಿದ. "ಮುಖಕ್ಕೆ ಇಪ್ಪತ್ತಾರು, ದನಿಗೆ ಐವತ್ತು. ಜನ ಏನಂತಾರೆ?"

"ಇಷ್ಟು ವರ್ಷ ಕಾಯಿಸಿದ್ದು ನಾನಲ್ಲ, ಹೆನ್ನರ್," ಅಂದಳು ರೋಸ್ವಿತಾ.

ಅವನು ಕನ್ನಡಕ ಮತ್ತೆ ಹಾಕಿಕೊಂಡ. "ಎಕಾರ್ಟ್, ಆ ಹುಡುಗಿಗೆ ಫೋನ್ ಮಾಡಿ ಬರೋದು ಬೇಡ ಅನ್ನು."

ಮೊದಲ ಪ್ರದರ್ಶನದಲ್ಲಿ ನಾನೂ ರೋಸ್ವಿತಾನೂ ಹಿಂದಿನ ಸಾಲಲ್ಲಿ ಕೂತಿದ್ದೆವು. ಅಡುಗೆಮನೆ ಬಂತು, ಸೂಪು ಬಂತು, ಆ ಮಾತು ಬಂತು. ಮುಂದಿನ ಸಾಲಿನ ಅಜ್ಜಿಯೊಬ್ಬಳು ಪಕ್ಕದವಳಿಗೆ ಪಿಸುಗುಟ್ಟಿದಳು: "ಪಾಪ, ಹುಡುಗಿಗೆ ನೆಗಡಿ. ಮೊದಲು ಅವಳು ಕುಡೀಬಾರ್ದಾ?"

ರೋಸ್ವಿತಾ ನಗು ತಡೆಯಲಾರದೆ ನನ್ನ ಕೈ ಚಿವುಟಿದಳು, ಆಮೇಲೆ ಸಿನಿಮಾ ಮುಗಿಯುವವರೆಗೂ ಬಿಡಲಿಲ್ಲ.