ಚೊಲ್ಪೊನ್‌ಗೆ ಬಂದ ಸಂದೇಶ

ಆ ಶುಕ್ರವಾರ ಚೊಲ್ಪೊನ್ ಜೆಂಗೆಯ ಕಂಪ್ಯೂಟರ್ ಮುಟ್ಟುವ ಮೊದಲೇ ನನ್ನ ಕೈ ಸೇದಿಹೋಗಬೇಕಿತ್ತು.

ಜೆಂಗೆ ಅಂದರೆ ಅತ್ತಿಗೆ. ಅವಳ ಗಂಡ ಮಿರ್ಲಾನ್ ನನಗೆ ಒಡಹುಟ್ಟಿದವನಲ್ಲ, ಆದರೂ ಅಣ್ಣನೇ. ಬಿಷ್ಕೆಕ್‌ನ ಒಂದು ಬಾಡಿಗೆ ಕೋಣೆಯಲ್ಲಿ ಕೂತು ಏಳು ವರ್ಷ ನಾವಿಬ್ಬರೂ ಒಂದು ಲೈಬ್ರರಿ ಬರೆದೆವು. ಪುಸ್ತಕದ್ದಲ್ಲ ಮಾರಾಯರೇ! ಬೇರೆಯವರ ಆ್ಯಪ್‌ಗಳ ಹೊಟ್ಟೆಯೊಳಗೆ ಕೂತು ಸಂದೇಶಗಳಿಗೆ ಬೀಗ ಹಾಕುವ ಸಾಮಾನು. ಕಳಿಸಿದವನ ಕಂಪ್ಯೂಟರಿನಲ್ಲಿ ಬೀಗ ಬಿದ್ದ ಮಾತು ಓದುವವನ ಕಂಪ್ಯೂಟರಿನಲ್ಲೇ ತೆರೆಯಬೇಕು. ನಡುವೆ ಸರ್ಕಾರವಾಗಲಿ, ಬರೆದ ನಾವಾಗಲಿ ಇಣುಕುವಂತಿಲ್ಲ. ಫೋನಿಗೆ ಇನ್ನೂ ಬರೆದಿರಲಿಲ್ಲ, ಬರೀ ಕಂಪ್ಯೂಟರಿಗೆ. ಹೊಸದಾಗಿ ಬರೆದದ್ದನ್ನು ಮೊದಲು ಹಾಕಿ ನೋಡುತ್ತಿದ್ದದ್ದು ಜೆಂಗೆಯ ಕಂಪ್ಯೂಟರಿನಲ್ಲಿ. ಗಂಡ ಹೆಂಡತಿ ದಿನವಿಡೀ ಅದರಲ್ಲೇ ಮಾತಾಡುತ್ತಿದ್ದರು, ಅದರಲ್ಲೇ ಜಗಳವಾಡುತ್ತಿದ್ದರು.

ಆ ದಿನವೂ ಜಗಳವೇ. ಮಿರ್ಲಾನ್ ತಾಯಿಯನ್ನು ನೋಡಲು ತಲಾಸ್‌ಗೆ ಹೊರಟಿದ್ದ. ಕಣಿವೆಯಲ್ಲಿ ಹಿಮ ಬೀಳುತ್ತಿದೆ, ಬೇಡ ಅಂದಳು ಇವಳು. ಕೇಳಲಿಲ್ಲ, ತಿಂಡಿಯನ್ನೂ ಮುಟ್ಟದೆ ಕಾರು ಹತ್ತಿದ. ಒಂಬತ್ತು ಗಂಟೆಗೆ ಇವಳು ಬರೆದಳು: "ಹೋದವ್ನು ಅಲ್ಲೇ ಇರು. ಈ ಮನೆಗೆ ಬರ್ಬೇಡ."

ಹನ್ನೊಂದಕ್ಕೆ ನಾನು ಹೋದೆ. ಹೊಸದನ್ನು ಹಾಕುವ ಮೊದಲು ಬೀಗ ತೆರೆಯುವ ಹಳೆಯ ಕೀಲಿಗಳನ್ನು ಅಳಿಸುವುದು ನಮ್ಮ ಶುಕ್ರವಾರದ ರೂಢಿ. ಬೇರೆಯವರ ಯಂತ್ರವಾದರೆ ಹಳೆಯವನ್ನು ಒಂದು ವಾರ ಎತ್ತಿಡುತ್ತೇವೆ, ದಾರಿಯಲ್ಲಿರುವ ಸಂದೇಶಕ್ಕೆ ಬೇಕಾಗುತ್ತದೆ ಅಂತ. ಇದು ಮನೆಯದ್ದಲ್ಲವಾ, ಯಾರು ಕೇಳುತ್ತಾರೆ ಅಂದುಕೊಂಡೆ. ಅಳಿಸಿದೆ.

ಮಿರ್ಲಾನ್ ದಾರಿಯಲ್ಲಿ ಚಹಾ ಅಂಗಡಿಯೊಂದರ ಮುಂದೆ ನಿಲ್ಲಿಸಿ, ಲ್ಯಾಪ್‌ಟಾಪ್ ತೆರೆದು, ಹನ್ನೆರಡೂ ಹತ್ತಕ್ಕೆ ಏನೋ ಬರೆದು ಕಳಿಸಿದ. ಹೊಸ ಕೀಲಿಯ ಸುದ್ದಿ ಅವನ ಲ್ಯಾಪ್‌ಟಾಪ್‌ಗೆ ಇನ್ನೂ ಮುಟ್ಟಿರಲಿಲ್ಲ, ಬಿದ್ದದ್ದು ಹಳೆಯ ಕೀಲಿಯ ಬೀಗ. ಒಂದು ಗಂಟೆಯೊಳಗೆ ಕಾರು, ಲ್ಯಾಪ್‌ಟಾಪ್, ನನ್ನ ಅಣ್ಣ ಮೂರೂ ನದಿಯ ಪಾಲಾದವು.

ನಲವತ್ತನೆಯ ದಿನದ ಊಟ ಮುಗಿದ ಮಾರನೆಯ ಬೆಳಿಗ್ಗೆ ಜೆಂಗೆ ಕರೆಸಿದಳು. ಸತ್ತವರಿಗೆ ಕಂಪು ಮುಟ್ಟಲಿ ಅಂತ ಹಿಟ್ಟಿನ ತುಂಡುಗಳ ಬೊರ್ಸೋಕ್ ಕರಿದಿದ್ದಳು, ಮನೆಯೆಲ್ಲ ಎಣ್ಣೆಯ ವಾಸನೆ. ಪರದೆಯ ಮೇಲೆ ಒಂದೇ ಸಾಲು: ಈ ಸಂದೇಶವನ್ನು ತೆರೆಯಲಾಗುತ್ತಿಲ್ಲ, ಮತ್ತೊಮ್ಮೆ ಕಳಿಸಲು ಮಿರ್ಲಾನ್‌ರನ್ನು ಕೇಳಲಾಗಿದೆ.

"ನಲವತ್ತು ದಿನದಿಂದ ಇದು ಅವನನ್ನ ಕೇಳ್ತಾನೇ ಇದೆ ಎರ್ಕಿನ್," ಅಂದಳು. "ನೀನೇ ಮಾಡಿದ್ದಲ್ವಾ ಇದನ್ನ? ತೆಗೆದುಕೊಡು."

"ಆಗಲ್ಲ ಜೆಂಗೆ."

"ಅಯ್ಯೋ, ಏನಾಗಲ್ಲ? ಬೀಗ ಮಾಡಿದೋನಿಗೆ ಕೀಲಿ ಮಾಡೋಕೆ ಬರಲ್ವಾ?"

'ಬರ್ತೀನಿ ಅಂತ ಬರೆದಿದ್ದಾನೆ' ಎಂಬ ಸುಳ್ಳು ನಾಲಗೆ ತುದಿಗೆ ಬಂದಿತ್ತು. ಅವಳ ಮುಖ ನೋಡಿ ಆಗಲಿಲ್ಲ.

"ಕೀಲಿ ನಿಮ್ಮ ಕಂಪ್ಯೂಟರ್‌ನಲ್ಲೇ ಇತ್ತು. ಆವತ್ತು ಬಂದು ಅಳಿಸ್ದೋನು ನಾನೇ. ಎತ್ತಿಡ್ಬೇಕಿತ್ತು, ಇಡ್ಲಿಲ್ಲ. ಬೈಯಿರಿ, ಹೊಡೀರಿ."

ಬೈಯಲಿಲ್ಲ. ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆ. ಚಹಾದ ಬಟ್ಟಲನ್ನು ನನ್ನ ಕಡೆ ಸರಿಸಿದಳು.

"ಆರ್ತಿದೆ, ಕುಡಿ," ಅಂದಳು. ಆಮೇಲೆ ಕುರ್ಚಿ ಹತ್ತಿರ ಎಳೆದುಕೊಂಡಳು. "ಹೋಗ್ಲಿ ಬಿಡು, ಓದೋದು ಬೇಡ. ಎಷ್ಟುದ್ದ ಇದೆ ಅಂತ ಹೇಳು, ಸಾಕು. ಬರ್ತೀನಿ ಅಂದಿದ್ರೆ ಒಂದೇ ಮಾತಿರುತ್ತೆ. ಬೈದಿದ್ರೆ ಉದ್ದ ಇರುತ್ತೆ. ಅವ್ನು ಬೈಯೋಕೆ ಶುರು ಮಾಡಿದ್ರೆ ನಿಲ್ಲಿಸ್ತಿದ್ನಾ, ನೀನೇ ಹೇಳು." ಇಷ್ಟು ಹೇಳಿ ಒಂಚೂರು ನಕ್ಕಳು ಕೂಡ. "ಕೋಪದಲ್ಲೇ ಹೋದ್ನಾ ಇಲ್ವಾ, ಅಷ್ಟು ಗೊತ್ತಾದ್ರೆ ಸಾಕು ನಂಗೆ."

ಉದ್ದ ನೋಡಿದೆ. ನೂರ ಅರವತ್ತು ಬೈಟ್.

ನಮ್ಮ ಲೈಬ್ರರಿಯಲ್ಲಿ ಸಾಮಾನ್ಯವಾಗಿ ಯಾವ ಮಾತಾದರೂ ನೂರ ಅರವತ್ತೇ. ಒಂದೇ ಪದ ಬರೆದರೂ ಉಳಿದ ಜಾಗಕ್ಕೆ ಹೊಟ್ಟು ತುಂಬುತ್ತದೆ. ಕದ್ದು ನೋಡುವವನು ಉದ್ದ ಅಳೆದು ಒಳಗಿರುವುದನ್ನು ಊಹಿಸಬಾರದಲ್ಲ, ಅದಕ್ಕೆ. ಆ ಭಾಗ ಬರೆದವನು ನಾನೇ. ಅದನ್ನು ನೋಡಿ ಮಿರ್ಲಾನ್ ನನ್ನ ಬೆನ್ನು ತಟ್ಟಿದ್ದ.

ಹೇಳಿದೆ. ನೆಲ ನೋಡುತ್ತಾ ಎಲ್ಲವನ್ನೂ ಹೇಳಿದೆ. ಒಂದು ಮಾತಿದ್ದರೂ ಇಷ್ಟೇ, ಇಪ್ಪತ್ತು ಮಾತಿದ್ದರೂ ಇಷ್ಟೇ, ಕಳ್ಳರಿಗೆ ತಿಳಿಯಬಾರದು ಅಂತ ಹಾಗೆ ಮಾಡಿದ್ದು ಅಂತ.

ಜೆಂಗೆ ಪರದೆಯ ಮೇಲೆ ಅಂಗೈ ಇಟ್ಟಳು.

"ನಾನು ಅವನ ಹೆಂಡ್ತಿ ಕಣೋ ಎರ್ಕಿನ್," ಅಂದಳು. "ಕಳ್ಳಿ ಅಲ್ಲ."