ಅಪ್ಪನ ಕಳ್ಳ ನಕಲು

ಆಫೀಸಿನಲ್ಲಿ ಅವಳನ್ನು ಎಲ್ಲರೂ ಬೀಗದಕ್ಕ ಅಂತಲೇ ಕರೆಯುತ್ತಿದ್ದರು. ಕಂಪನಿಯ ವಿಡಿಯೋ ಗೇಮುಗಳನ್ನು ಯಾರೂ ನಕಲು ಮಾಡಿ ಹಂಚದಂತೆ ಕಾಯುವ ಕೋಡ್ ಬರೆಯುವುದು ಅವಳ ಕೆಲಸ. ಅದನ್ನು ಒಡೆಯುವುದೇ ಕಸುಬಾದ ಒಂದು ಗುಂಪಿತ್ತು. 'ಹೆಗ್ಗಣಗಳು' ಅಂತ ತಾವೇ ಹೆಸರಿಟ್ಟುಕೊಂಡವರು. ಅವಳ ಮೊದಲ ಬೀಗ ಅವರ ಕೈಯಲ್ಲಿ ಮೂರು ದಿನ ಬಾಳಿತು. ಎರಡನೆಯದು ಒಂಬತ್ತು ದಿನ. ಹಡಗಿನ ಆಟಕ್ಕೆ ಹಾಕಿದ ಮೂರನೆಯದು ಐದು ವಾರ ಜಪ್ಪಯ್ಯ ಅಂದರೂ ಅಲುಗಲಿಲ್ಲ. ಕೊನೆಗೆ ಅದನ್ನೂ ಮುರಿದ ಹೆಗ್ಗಣಗಳು, "ಬೀಗ ಹಾಕಿದವರಿಗೆ ನಮಸ್ಕಾರ, ಬೆವರಿಳಿಸಿಬಿಟ್ಟಿರಿ" ಅಂತ ಬರೆದಿದ್ದರು. ಅವಳು ಬಾಯಲ್ಲಿ ಬೈದು ಒಳಗೊಳಗೇ ಹಿಗ್ಗಿದಳು.

ಆ ಭಾನುವಾರ ಬೆಳಿಗ್ಗೆ ಅಪ್ಪನ ಮನೆಗೆ ಹೋದಳು. ನಲವತ್ತು ವರ್ಷ ಗಡಿಯಾರ ರಿಪೇರಿ ಮಾಡಿದ ಅಪ್ಪ ಹಳೇ ಕಂಪ್ಯೂಟರಿನ ಮುಂದೆ ಕೂತು ಅದೇ ಹಡಗು ನಡೆಸುತ್ತಿದ್ದರು. ಹಡಗು ಎಲ್ಲೂ ತಡವರಿಸದೆ ಸಲೀಸಾಗಿ ಸಾಗುತ್ತಿತ್ತು.

"ಇದು ನಾನು ಕೊಟ್ಟಿದ್ದಾ ಅಪ್ಪಾ?"

"ಅಲ್ಲಮ್ಮ, ಹೆಗ್ಗಣದ್ದು."

"ಅಯ್ಯೋ, ನನ್ನ ಮಾನ ಕಳೆದ್ರಲ್ಲ!"

"ನಿನ್ನದು ಹೆಜ್ಜೆಹೆಜ್ಜೆಗೂ ಮುಗ್ಗರಿಸುತ್ತೆ. ಬೀಗ ಬಾಗಿಲಿಗೆ ಹಾಕ್ತಾರೆ ಕಣೇ. ನೀನು ಮನೆಯವರ ಕಾಲಿಗೇ ಹಾಕಿದೀಯ."

ಮುಖ ಊದಿಸಿಕೊಂಡೇ ಅವಳು ಎರಡನ್ನೂ ಒಂದಾದ ಮೇಲೊಂದು ಓಡಿಸಿ ನೋಡಿದಳು. ಅಪ್ಪ ಹೇಳಿದ್ದು ಸರಿಯಾಗಿತ್ತು. ಅವಳ ಕೋಡ್ ಕ್ಷಣಕ್ಷಣವೂ 'ನೀನು ಅಸಲಿಯಾ?' ಅಂತ ವಿಚಾರಿಸುತ್ತಿತ್ತು. ಹಳೇ ಯಂತ್ರ ಉತ್ತರ ಕೊಟ್ಟೇ ಸುಸ್ತಾಗುತ್ತಿತ್ತು.

ಸೋಮವಾರ ನೇರ ಮ್ಯಾನೇಜರ್ ಕೋಣೆಗೆ ನುಗ್ಗಿದಳು. "ಸಾರ್, ಕಳ್ಳಮಾಲು ನಮ್ಮ ಮಾಲಿಗಿಂತ ಚೆನ್ನಾಗಿ ಓಡ್ತಿದೆ. ಹಡಗಿನ ಬೀಗ ಹೇಗೂ ಒಡೆದಾಯ್ತು, ತೆಗೆದುಬಿಡೋಣ. ಮುಂದಿನದಕ್ಕೆ ಆಟ ತೆರೆಯುವಾಗ ಒಂದೇ ಸಲ ವಿಚಾರಿಸೋ ಬೀಗ ಹಾಕ್ತೀನಿ."

"ಎರಡೇ ದಿನಕ್ಕೆ ಒಡೀತಾರಮ್ಮ!"

"ಒಂದು ತಿಂಗಳಾದ್ರೂ ತಡೀದಿದ್ರೆ ನನ್ನ ಕುರ್ಚಿ ಬೇರೆಯವರಿಗೆ ಕೊಡಿ."

ಅವಳ ಧಾಟಿ ನೋಡಿ ಮ್ಯಾನೇಜರ್ ಒಪ್ಪಿಗೆ ಕೊಟ್ಟರು.

ಒಂದೇ ಕಡೆ ಹಾಕುವ ಬೀಗವಾದ್ದರಿಂದ ಅವಳು ತನ್ನ ಬುದ್ಧಿಯನ್ನೆಲ್ಲ ಅಲ್ಲೇ ಸುರಿದಳು. ಹೊಸ ಆಟದ ಬೀಗ ಏಳು ವಾರ ನಿಂತಿತು. ಹೆಗ್ಗಣಗಳು ಒಳಗೆ ನುಗ್ಗಿದ ದಿನವೇ ಅವಳು ಕೊಂಡವರೆಲ್ಲರ ಆಟದಿಂದಲೂ ಅದನ್ನು ಕಿತ್ತುಹಾಕಿದಳು. ಅಷ್ಟರಲ್ಲಿ ಕೊಳ್ಳುವವರೆಲ್ಲ ಕೊಂಡಾಗಿತ್ತು. 'ನೀರಿನ ಹಾಗೆ ಓಡುತ್ತೆ' ಅಂತ ಹೊಗಳಿಯೂ ಆಗಿತ್ತು.

ಈ ಸಲ ಅಪ್ಪನೂ ಅಂಗಡಿಗೆ ಹೋಗಿ ಅಸಲಿಯನ್ನೇ ತಂದಿದ್ದರು. ಒಂದು ಮಧ್ಯಾಹ್ನ ಫೋನ್ ಮಾಡಿ, "ಮೂರನೇ ಸುರಂಗದಲ್ಲಿ ಸಿಕ್ಕಿಹಾಕ್ಕೊಂಡಿದೀನಿ, ದಾರಿ ಹೇಳು" ಅಂದರು.

"ಅದು ನನಗೂ ಗೊತ್ತಿಲ್ಲಪ್ಪ," ಅಂದಳು ಅವಳು, ನಗುತ್ತಾ. "ಸಂಜೆ ಬರ್ತೀನಿ ಇರಿ, ಇಬ್ಬರೂ ಹುಡುಕೋಣ."